ರೊನಾಲ್ಡ್ ಸ್ಯಾಂಡರ್ಸ್ ಸಿನಿಮಾ ನೋಡಿ ಎಡಿಟಿಂಗ್ ಕಲಿಯುವುದು ಹೇಗೆ?

ಮಂಗಳೂರು, ಉಡುಪಿ ಕಡೆ ಎಡಿಟಿಂಗ್ ಮಾಡುವವರಿಗೆ ಒಂದೇ ನಮೂನೆಯ ಕೆಲಸ ಸಿಗುವುದಿಲ್ಲ. ಇವತ್ತು ಮದುವೆ, ನಾಳೆ ಯಕ್ಷಗಾನ, ನಾಡಿದ್ದು ಯಾರದ್ದೋ ತುಳು ಶಾರ್ಟ್ ಫಿಲ್ಮ್. ಎಲ್ಲವನ್ನೂ ಒಂದೇ ಥರ ಕಟ್ ಮಾಡಿದರೆ ಎಲ್ಲವೂ ರೀಲ್ಸ್ ಆಗಿಬಿಡುತ್ತದೆ. ಅದಕ್ಕೇ ಕೆನಡಾದ ಎಡಿಟರ್ ರೊನಾಲ್ಡ್ ಸ್ಯಾಂಡರ್ಸ್ ಅವರ ಕೆಲಸ ನೋಡಿ ಅನ್ನುತ್ತೇನೆ. 1979ರ ಕಾರ್ ರೇಸ್ ಸಿನಿಮಾ ‘ಫಾಸ್ಟ್ ಕಂಪನಿ’ಯಿಂದ 2014ರ ‘ಮ್ಯಾಪ್ಸ್ ಟು ದ ಸ್ಟಾರ್ಸ್’ ತನಕ ನಿರ್ದೇಶಕ ಡೇವಿಡ್ ಕ್ರೋನೆನ್‌ಬರ್ಗ್ ಅವರ ಹೆಚ್ಚಿನ ಸಿನಿಮಾಗಳಿಗೆ ಇವರದ್ದೇ ಎಡಿಟಿಂಗ್. ನಡುವೆ ಹಾರರ್, ರಷ್ಯನ್ ಮಾಫಿಯಾ ಕಥೆ, ಗೊಂಬೆಗಳ ಅನಿಮೇಷನ್ ಎಲ್ಲ ಉಂಟು.

ಮೊದಲು ರೇಸ್. ನಮ್ಮಲ್ಲಿ ಕಂಬಳ ಉಂಟಲ್ಲ, ಅದನ್ನೇ ತಗೊಳ್ಳಿ. ಓಟ ಕೆಲವೇ ಸೆಕೆಂಡಿನದ್ದು, ಅದನ್ನು ಚೂರು ಚೂರು ಮಾಡಬೇಡಿ. ಓಟ ಶುರುವಾಗುವ ಗಂತಿನಲ್ಲಿ ಕೋಣಗಳು ಸಾಲಿಗೆ ನಿಲ್ಲದೆ ಸತಾಯಿಸುತ್ತವೆ ನೋಡಿ, ಕಟ್‌ಗಳೆಲ್ಲ ಅಲ್ಲಿಗೆ ಇರಲಿ. ಬಿಟ್ಟ ಮೇಲೆ ಓಟ ಮುಗಿಯುವ ಮಂಜೊಟ್ಟಿ ಮುಟ್ಟುವವರೆಗೆ ಒಂದೇ ಶಾಟ್.

ಆಮೇಲೆ 1988ರ ‘ಡೆಡ್ ರಿಂಗರ್ಸ್’. ದೊಡ್ಡವರಿಗೆ ಮಾತ್ರ. ಅವಳಿ ಡಾಕ್ಟರುಗಳ ಎರಡೂ ಪಾತ್ರ ಜೆರೆಮಿ ಐರನ್ಸ್ ಅವರದ್ದೇ. ಒಂದು ದೃಶ್ಯ ಆರಿಸಿ, ಸೌಂಡ್ ಆಫ್ ಮಾಡಿ, ಇಬ್ಬರೂ ಒಟ್ಟಿಗೆ ಕಾಣುವ ಶಾಟ್ ಯಾವುದು, ಒಬ್ಬೊಬ್ಬರೇ ಕಾಣುವುದು ಯಾವುದು ಅಂತ ಬರೆದುಕೊಳ್ಳಿ. ಬರೆದರೇ ತಲೆಗೆ ಹೋಗುವುದು, ಸುಮ್ನೆ ನೋಡಿದರೆ ಕಥೆ ಎಳೆದುಕೊಂಡು ಹೋಗುತ್ತದೆ.

ಈಗ ಅಂಥದ್ದೇ ಅವಳಿ ದೃಶ್ಯ ನೀವೇ ಮಾಡಿ. ಮೊಬೈಲನ್ನು ಟ್ರೈಪಾಡ್ ಮೇಲೆ ಅಲ್ಲಾಡದ ಹಾಗೆ ಇಟ್ಟು ಫೋಕಸ್, ಬೆಳಕು ಎರಡನ್ನೂ ಲಾಕ್ ಮಾಡಿ. ಸ್ನೇಹಿತನನ್ನು ಎಡಗಡೆ ಕೂರಿಸಿ, ಎದುರಿನವನ ಮಾತನ್ನು ನೀವು ಕ್ಯಾಮೆರಾ ಹಿಂದಿನಿಂದ ಓದಿ. ಅಂಗಿ ಬದಲಿಸಿ ಬಲಗಡೆ ಕೂರಿಸಿ ಇನ್ನೊಮ್ಮೆ. ಡಾವಿಂಚಿ ರಿಸಾಲ್ವ್ ಅನ್ನುವ ಎಡಿಟಿಂಗ್ ಸಾಫ್ಟ್‌ವೇರ್ ಫ್ರೀ ಆಗಿಯೇ ಸಿಗುತ್ತದೆ, ಅದರಲ್ಲಿ ಒಂದರ ಮೇಲೊಂದು ಕ್ಲಿಪ್ ಇಟ್ಟು ಮೇಲಿನದ್ದರ ಅರ್ಧ ಕ್ರಾಪ್ ಮಾಡಿದರೆ ಅವಳಿ ರೆಡಿ, ಆದರೆ ಕೈ ಕಾಲು ನಡುವಿನ ಗೆರೆ ದಾಟಬಾರದು. ಮಲ್ಪೆ ಬೀಚಿನಲ್ಲಿ ಬೇಡ, ಅಲೆಗಳು ಜೋಡಣೆಯ ಹತ್ತಿರ ತುಂಡಾಗಿ ಕಾಣುತ್ತವೆ. ಮನೆಯೊಳಗೇ ಮಾಡಿ, ಫ್ಯಾನ್ ಬಂದ್ ಮಾಡಿ, ಪರದೆ ಅಲ್ಲಾಡಿದರೂ ಗುಟ್ಟು ರಟ್ಟು.

ನಿಜವಾದ ಎಡಿಟಿಂಗ್ ಇನ್ನು ಮುಂದೆ. ಇಬ್ಬರನ್ನೂ ಬೇರೆ ಬೇರೆ ಹತ್ತಿರದಿಂದಲೂ ಶೂಟ್ ಮಾಡಿ, ಮಾತು ಒಬ್ಬನದ್ದು ಕೇಳುವಾಗ ಮುಖ ಇನ್ನೊಬ್ಬನದ್ದು ತೋರಿಸಿ. ಮುಂದಿನ ಮಾತನ್ನು ಚಿತ್ರಕ್ಕಿಂತ 12 ಫ್ರೇಮ್ ಮೊದಲೇ ತನ್ನಿ, ಅಂದರೆ ಸೆಕೆಂಡಿಗೆ 24 ಫ್ರೇಮಿನ ಲೆಕ್ಕದಲ್ಲಿ ಅರ್ಧ ಸೆಕೆಂಡ್. ಒಬ್ಬನೇ ನಟ ಅನ್ನುವುದು ನಿಮಗೇ ಮರೆತುಹೋಗುತ್ತದೆ, ನನಗೆ ಇದರಷ್ಟು ಖುಷಿ ಕೊಡುವ ಅಭ್ಯಾಸ ಬೇರೆ ಇಲ್ಲ.

ಕೊನೆಗೆ 2009ರ ‘ಕೊರಲೈನ್’. ಹೆನ್ರಿ ಸೆಲಿಕ್ ನಿರ್ದೇಶನ, ಸ್ಯಾಂಡರ್ಸ್ ಅವರು ಕ್ರಿಸ್ಟೋಫರ್ ಮರ್ರಿ ಜೊತೆ ಸೇರಿ ಎಡಿಟ್ ಮಾಡಿದ್ದು. ಗೊಂಬೆಯನ್ನು ಚೂರು ಚೂರೇ ಸರಿಸಿ ಫೋಟೋ ತೆಗೆಯುವ ಕೆಲಸದಲ್ಲಿ ಜಾಸ್ತಿ ತೆಗೆದು ಬಿಸಾಡುವುದಕ್ಕೆ ಆಗುವುದಿಲ್ಲ, ಹಾಗಾಗಿ ಚಿತ್ರ ಬರೆದು, ಧ್ವನಿ ಸೇರಿಸಿ, ಶೂಟಿಂಗಿಗೆ ಮೊದಲೇ ಎಡಿಟ್ ಮಾಡಿಕೊಳ್ಳುತ್ತಾರೆ. ನಿಮ್ಮ ಮುಂದಿನ ಶಾರ್ಟ್ ಫಿಲ್ಮಿಗೂ ಹೀಗೇ ಮಾಡಿ. ಸ್ಕ್ರಿಪ್ಟ್ ಕೇಳಿ ತಗೊಂಡು, ಕಡ್ಡಿ ಗೊಂಬೆಯಾದರೂ ಸರಿ ಬರೆದು, ಮೊಬೈಲಲ್ಲಿ ಫೋಟೋ ತೆಗೆದು ಟೈಮ್‌ಲೈನಿಗೆ ಹಾಕಿ, ಶೂಟಿಂಗಿಗೆ ಹೊರಡುವ ಮೊದಲು ನಿರ್ದೇಶಕರನ್ನು ಪಕ್ಕದಲ್ಲಿ ಕೂರಿಸಿಕೊಂಡು ತೋರಿಸಿ.