ರಂಗದಿಂದ ಕ್ಯಾಮೆರಾದ ಮುಂದಕ್ಕೆ: ಉತ್ತರ ಕರ್ನಾಟಕದ ಪೋಷಕ ನಟರಿಗೊಂದು ಕೈಪಿಡಿ

ಬಾದಾಮಿಯ ಬನಶಂಕರಿ ಜಾತ್ರೆಗೆ ಬೀಡುಬಿಡುವ ನಾಟಕ ಕಂಪನಿಗಳಲ್ಲಿ ಬಣ್ಣ ಹಚ್ಚಿದವರಿಗೆ, ಶ್ರೀಕೃಷ್ಣ ಪಾರಿಜಾತ ಇಲ್ಲವೇ ಸಣ್ಣಾಟದ ಮೇಳಗಳಲ್ಲಿ ಹಾಡಿ ಕುಣಿದವರಿಗೆ ಅಭಿನಯವನ್ನು ಹೊಸದಾಗಿ ಕಲಿಸಬೇಕಿಲ್ಲ. ಬೆಳಗಾವಿ, ಬಾಗಲಕೋಟೆ, ವಿಜಯಪುರದ ಇಂಥ ಕಲಾವಿದರು ಚಲನಚಿತ್ರ ಮತ್ತು ಧಾರಾವಾಹಿಗಳ ಪೋಷಕ ಪಾತ್ರಗಳಿಗೆ ಬರುವಾಗ ಅಳವಡಿಸಿಕೊಳ್ಳಬೇಕಾದದ್ದು ಕ್ಯಾಮೆರಾದ ಶಿಸ್ತನ್ನು.

ಕೊನೆಯ ಸಾಲಿನ ಪ್ರೇಕ್ಷಕನಿಗೂ ಮುಟ್ಟಬೇಕೆಂದು ಬೆಳೆಸಿದ ಕಂಠವನ್ನು ಮೊದಲು ತಗ್ಗಿಸಬೇಕು. ಒಂದೇ ದೃಶ್ಯವನ್ನು ಮೊಬೈಲಿನಲ್ಲಿ ದೂರದಿಂದ, ಸೊಂಟದ ಮಟ್ಟದಿಂದ, ಮುಖದ ಸಮೀಪದಿಂದ ಚಿತ್ರಿಸಿ ನೋಡಿದರೆ, ರಂಗದ ಮೇಲೆ ಸಹಜವೆನಿಸುವ ಹುಬ್ಬಿನ ಚಲನೆ ಕ್ಲೋಸಪ್‌ನಲ್ಲಿ ಎಷ್ಟು ಅತಿಯಾಗುತ್ತದೆ ಎಂಬುದು ತಾನಾಗಿಯೇ ತಿಳಿಯುತ್ತದೆ. ಪೋಷಕ ನಟನು ಹೆಚ್ಚಿನ ಹೊತ್ತು ಮಾತನಾಡುವುದಿಲ್ಲ, ನಾಯಕ ನಾಯಕಿಯರ ಮಾತನ್ನು ಕೇಳುತ್ತಿರುತ್ತಾನೆ. ಹಾಗೆ ಕೇಳುತ್ತಿರುವ ಮುಖವನ್ನೇ ಸಂಕಲನಕಾರರು ಮತ್ತೆ ಮತ್ತೆ ಬಳಸುವುದರಿಂದ, ತನ್ನ ಸರದಿಗಾಗಿ ಕಾಯುವುದನ್ನು ಬಿಟ್ಟು ನಿಜವಾಗಿ ಆಲಿಸುವುದನ್ನು ರೂಢಿಸಿಕೊಳ್ಳಬೇಕು. ನನ್ನ ದೃಷ್ಟಿಯಲ್ಲಿ ಈ ವೃತ್ತಿಯ ಅತಿ ಕಠಿಣ ಭಾಗವೇ ಇದು. ಇಡೀ ದೃಶ್ಯವನ್ನು ಒಟ್ಟಾಗಿ ಚಿತ್ರಿಸುವ ಮಾಸ್ಟರ್ ಶಾಟ್‌ನಲ್ಲಿ ಯಾವ ಮಾತಿಗೆ ಚಹಾದ ಕಪ್ಪು ಎತ್ತಿದಿರಿ, ಯಾವ ಕೈಯಿಂದ ಎತ್ತಿದಿರಿ ಎಂಬುದೂ ನೆನಪಿರಬೇಕು, ಏಕೆಂದರೆ ಮುಂದಿನ ಪ್ರತಿ ಶಾಟ್‌ನಲ್ಲಿ ಅದನ್ನು ಹಾಗೆಯೇ ಮಾಡಬೇಕಾಗುತ್ತದೆ.

ಧಾರಾವಾಹಿಗಳ ಸೆಟ್‌ನಲ್ಲಿ ಸಹಾಯಕ ನಿರ್ದೇಶಕರು ಪಕ್ಕದಿಂದ ಸಂಭಾಷಣೆ ಹೇಳಿಕೊಡುವ ಪದ್ಧತಿ ಬಹಳ ಕಡೆ ಇದೆ. ಕಂಪನಿ ನಾಟಕದವರಿಗೆ ಪ್ರಾಂಪ್ಟಿಂಗ್ ಹೊಸದಲ್ಲವಾದರೂ, ಸ್ಥಳದಲ್ಲೇ ಧ್ವನಿ ಮುದ್ರಿಸುತ್ತಿದ್ದರೆ ಹೇಳಿಕೊಡುವವರ ದನಿಯ ಮೇಲೆ ತಮ್ಮ ದನಿ ಬೀಳದಂತೆ ಕ್ಷಣಕಾಲ ತಡೆದು ಮಾತನಾಡಬೇಕು.

ಪಾತ್ರದ ಊರು ಯಾವುದೆಂದು ನಿರ್ದೇಶಕರನ್ನು ಕೇಳಲು ಸಂಕೋಚಪಡಬಾರದು. ಮರಾಠಿಯ ಒಡನಾಟವಿರುವ ಬೆಳಗಾವಿಯ ಮಾತಿಗೂ ವಿಜಯಪುರದ ಮಾತಿಗೂ ಇರುವ ವ್ಯತ್ಯಾಸ ನಮ್ಮ ಪ್ರೇಕ್ಷಕರಿಗೆ ಕೂಡಲೇ ಗೊತ್ತಾಗುತ್ತದೆ. ಆದರೆ ಉತ್ತರ ಕರ್ನಾಟಕದ ಭಾಷೆಯನ್ನು ನಗಿಸುವುದಕ್ಕಷ್ಟೇ ಬಳಸುವ ಪಾತ್ರಗಳು ಮೇಲಿಂದ ಮೇಲೆ ಬರತೊಡಗಿದರೆ ಕೆಲವನ್ನಾದರೂ ನಿರಾಕರಿಸುವ ಧೈರ್ಯ ಬೇಕು. ಸವದತ್ತಿ ಸೀಮೆಯ ರಂಗನಟ ಏಣಗಿ ಬಾಳಪ್ಪನವರು ಎಳೆಯ ವಯಸ್ಸಿನಲ್ಲಿ ಸ್ತ್ರೀಪಾತ್ರಗಳಿಂದ ಹೆಸರಾಗಿ, ಮುಂದೆ ಬಸವಣ್ಣನ ಪಾತ್ರದಿಂದ ಜನಮನದಲ್ಲಿ ನೆಲೆಸಿದರು; ಒಂದೇ ಅಚ್ಚಿಗೆ ಒಳಗಾಗದ ಇಂಥ ಪರಂಪರೆ ನಮ್ಮ ನೆಲದಲ್ಲೇ ಇದೆ. ಆದ್ದರಿಂದ ಆಡಿಷನ್‌ಗೆ ಕಳುಹಿಸುವ ವಿಡಿಯೋದಲ್ಲಿ ನಿಮ್ಮೂರಿನ ಮಾತಿನ ಒಂದು ತುಣುಕಿನ ಜೊತೆಗೆ ಬೆಂಗಳೂರು ಮೈಸೂರು ಕಡೆಯ ಮಾತಿನ ಒಂದು ಗಂಭೀರ ತುಣುಕೂ ಇರಲಿ. ಮೇಕಪ್ ಇಲ್ಲದ ಫೋಟೊಗಳು ಸಾಕು. ಪಾತ್ರ ಕೊಡಿಸಲು ಹಣ ಕೇಳುವವರಿಂದ ದೂರವಿರಿ.

ಪೋಷಕ ನಟನ ಜೀವನ ಒಂದೇ ಕಾಲಕ್ಕೆ ಎರಡು ಮೂರು ಕೆಲಸಗಳ ಮೇಲೆ ನಡೆಯುವಂಥದ್ದು. ಹೀಗಾಗಿ ಕಾಲ್‌ಶೀಟ್‌ಗಳನ್ನು, ಅಂದರೆ ಚಿತ್ರೀಕರಣಕ್ಕೆ ಒಪ್ಪಿಕೊಂಡ ದಿನಗಳನ್ನು, ಪುಸ್ತಕದಲ್ಲಿ ಬರೆದಿಟ್ಟುಕೊಂಡು, ಎರಡು ಕಡೆಗೆ ಒಂದೇ ದಿನ ಒಪ್ಪಿಕೊಳ್ಳದಂತೆ ಎಚ್ಚರವಹಿಸಬೇಕು. ಒಂದು ಪಾತ್ರಕ್ಕೆ ಗಡ್ಡ ಬಿಟ್ಟಿರುವಾಗ ಇನ್ನೊಂದು ಕಡೆಯವರು ಬೋಳಿಸಲು ಹೇಳುವರೇ ಎಂದು ಮುಂಗಡ ಪಡೆಯುವ ಮೊದಲೇ ವಿಚಾರಿಸಬೇಕು. ಬೆಳಗಾವಿಯಿಂದ ರಾಣಿ ಚನ್ನಮ್ಮ ಎಕ್ಸ್‌ಪ್ರೆಸ್, ವಿಜಯಪುರ ಬಾಗಲಕೋಟೆಗಳಿಂದ ಗೋಲಗುಂಬಜ್ ಎಕ್ಸ್‌ಪ್ರೆಸ್ ರಾತ್ರಿ ಪ್ರಯಾಣಕ್ಕೆ ಅನುಕೂಲವಾಗಿವೆ. ಆದರೂ ರೈಲು ತಡವಾದರೆ ಇಡೀ ಸೆಟ್ ಕಾಯಬೇಕಾಗುವುದರಿಂದ, ಮುಖ್ಯ ದೃಶ್ಯವಿದ್ದಾಗ ಒಂದು ದಿನ ಮೊದಲೇ ಬೆಂಗಳೂರು ತಲುಪುವುದು ಒಳಿತು.

ಪ್ರಯಾಣ, ವಸತಿ, ದಿನದ ಸಂಭಾವನೆ, ಅದು ಕೈಸೇರುವ ಅವಧಿ, ಡಬ್ಬಿಂಗ್‌ಗೆ ಪ್ರತ್ಯೇಕ ಹಣವಿದೆಯೇ ಎಂಬುದನ್ನೆಲ್ಲ ಪ್ರೊಡಕ್ಷನ್ ಮ್ಯಾನೇಜರ್ ಜೊತೆ ಮೊದಲೇ ಮಾತನಾಡಿ, ವಾಟ್ಸಾಪ್‌ನಲ್ಲಾದರೂ ಬರಹದಲ್ಲಿ ಪಡೆಯಿರಿ. ಸಂಭಾವನೆಯಿಂದ ಸಾಮಾನ್ಯವಾಗಿ ಶೇ 10ರಷ್ಟು ಟಿಡಿಎಸ್ (ಹಣ ಕೊಡುವಾಗಲೇ ಹಿಡಿದುಕೊಳ್ಳುವ ಆದಾಯ ತೆರಿಗೆ) ಕಡಿತವಾಗುತ್ತದೆ. ವಾರ್ಷಿಕ ಆದಾಯ ತೆರಿಗೆಯ ಮಿತಿಯೊಳಗಿದ್ದರೆ ರಿಟರ್ನ್ ಸಲ್ಲಿಸಿ ಆ ಹಣವನ್ನು ಮರಳಿ ಪಡೆಯಬಹುದಾದ್ದರಿಂದ, ನಿಮ್ಮ ಪ್ಯಾನ್ ಸಂಖ್ಯೆಯನ್ನು ನಿರ್ಮಾಣ ಸಂಸ್ಥೆಗೆ ಸರಿಯಾಗಿ ಕೊಟ್ಟಿರಬೇಕು.