ಡಬ್ಬ ಮೊದಲಾ, ಸದ್ದು ಮೊದಲಾ?

ಬಿ.ಎಡ್. ಓದುವಾಗ ಪಾವ್ಲೋವ್ ಅಂದರೆ ನನಗೆ ಐದು ಅಂಕ. ನಾಯಿ, ಗಂಟೆ, ಜೊಲ್ಲು. ಊಟದ ಜೊತೆ ಗಂಟೆ ಸೇರಿಸಿ ಸೇರಿಸಿ, ಕೊನೆಗೆ ಬರೀ ಗಂಟೆಗೇ ನಾಯಿ ಜೊಲ್ಲು ಸುರಿಸುವ ಪ್ರಯೋಗ. ಒಂದು ಚಿತ್ರ ಬರೆದು, ಬಾಣದ ಗುರುತು ಹಾಕಿ, ಕೆಳಗೆ ‘ಶಾಸ್ತ್ರೀಯ ಅನುಬಂಧನ’ ಅಂತ ಬರೆದು ಗೆರೆ ಎಳೆದರೆ ಮುಗಿಯಿತು. ಮುಂದಿನ ಪ್ರಶ್ನೆ ಸ್ಕಿನ್ನರ್. ಸನ್ನೆ ಒತ್ತಿ ತಿಂಡಿ ಗಿಟ್ಟಿಸುವ ಇಲಿ, ಅದರ ಪೆಟ್ಟಿಗೆ, ಇನ್ನೈದು ಅಂಕ. ಶಿಕ್ಷಕರ ಅರ್ಹತಾ ಪರೀಕ್ಷೆ ಟಿಇಟಿಗೂ ಇದನ್ನೇ ಉರು ಹೊಡೆದಿದ್ದೆ. ಮೇಷ್ಟ್ರಾಗಿ ಎಂಟು ವರ್ಷವಾದ ಮೇಲೆ ಒಂದು ರಾತ್ರಿ, ಮಂಚದ ಕೆಳಗೆ ಅರ್ಧ ಮೈ ತೂರಿಸಿ, ನಡುಗುತ್ತಿದ್ದ ನಾಯಿಯ ಮೂತಿಯ ಹತ್ತಿರ ಕೋಳಿ ತುಂಡು ಹಿಡಿದು ಮಲಗಿದ್ದೆ. ಆಗ ಎಷ್ಟು ತಲೆ ಕೆರೆದುಕೊಂಡರೂ ಆ ಬಾಣ ಯಾವುದರಿಂದ ಯಾವುದಕ್ಕೆ ಹೋಗುತ್ತಿತ್ತು ಅನ್ನೋದು ನೆನಪಾಗಲಿಲ್ಲ.

ನಾಯಿಯ ಹೆಸರು ಬೆಲ್ಲ. ಬಣ್ಣವೂ ಅಚ್ಚುಬೆಲ್ಲದ್ದೇ. ಬೀದಿ ನಾಯಿಯ ಮರಿ. ಒಂದು ಮಳೆಯ ದಿನ ಗೇಟಿನ ಸಂದಿಯಲ್ಲಿ ನುಗ್ಗಿ ಸ್ಕೂಟರ್ ಕೆಳಗೆ ಮಲಗಿದ್ದು, ಆಮೇಲೆ ಹೋಗಲೇ ಇಲ್ಲ. ನಮ್ಮ ಮನೆ ಮೈಸೂರಿನ ಇಟ್ಟಿಗೆಗೂಡಿನಲ್ಲಿ. ಮೃಗಾಲಯ ಪಕ್ಕದಲ್ಲೇ ಇರುವುದರಿಂದ ರಾತ್ರಿ ಸಿಂಹ ಗರ್ಜಿಸುವುದು ಕೇಳಿಸುತ್ತದೆ. ಸಿಂಹಕ್ಕೆ ಬೆಲ್ಲ ಕಿವಿ ಕೂಡ ಅಲ್ಲಾಡಿಸುತ್ತಿರಲಿಲ್ಲ. ಆದರೆ ಮೊದಲ ದೀಪಾವಳಿಯ ಸರಪಟಾಕಿಗೆ ಮಂಚದ ಕೆಳಗೆ ಹೋಗಿ ಅಲ್ಲೇ ಉಚ್ಚೆ ಮಾಡಿಕೊಂಡಿತು. ಮೂರು ದಿನ ಸರಿಯಾಗಿ ಊಟ ಮಾಡಲಿಲ್ಲ.

ಪರಿಚಯದವರು ಒಬ್ಬ ತರಬೇತುದಾರರನ್ನು ಕಳಿಸಿಕೊಟ್ಟರು. ಅವರು ಬೆಲ್ಲನನ್ನು ಬೆಲ್ಟ್ ಹಾಕಿ ಮಹಡಿಗೆ ಎಳೆದುಕೊಂಡು ಹೋದರು. ಪಕ್ಕದ ರಸ್ತೆಯಲ್ಲಿ ಹುಡುಗರು ಪಟಾಕಿ ಹೊಡೆಯುತ್ತಿದ್ದರು. ‘ಇಲ್ಲೇ ಹಿಡ್ಕೊಂಡಿರಿ ಸಾರ್, ರೂಢಿಯಾಗುತ್ತೆ’ ಅಂದರು. ಬೆಲ್ಲ ಎಳೆದಾಡಿತು, ಕಿರುಚಿತು, ಆಮೇಲೆ ಹೊಟ್ಟೆ ನೆಲಕ್ಕೆ ಹಚ್ಚಿ ಮಲಗಿಬಿಟ್ಟಿತು. ‘ನೋಡಿ, ಸುಮ್ಮನಾಯ್ತು!’ ನನಗೂ ಸರಿ ಅನ್ನಿಸಿತು, ಅದನ್ನು ಒಪ್ಪಿಕೊಳ್ಳಬೇಕು.

ಮಾರನೆಯ ದಿನದಿಂದ ಬೆಲ್ಲ ಮಹಡಿ ಮೆಟ್ಟಿಲು ಹತ್ತಲಿಲ್ಲ. ನನ್ನ ಕೈಯಲ್ಲಿ ಬೆಲ್ಟ್ ಕಂಡರೆ ಬಾಲ ಹೊಟ್ಟೆಯ ಕೆಳಗೆ. ಪಟಾಕಿಯ ಭಯ ಒಂಚೂರೂ ಕಮ್ಮಿಯಾಗಿರಲಿಲ್ಲ, ಜೊತೆಗೆ ಇನ್ನೆರಡು ಭಯ ಅಂಟಿಕೊಂಡಿದ್ದವು. ಸುಮ್ಮನೆ ಮಲಗಿದ್ದು ಧೈರ್ಯವಲ್ಲ. 1967ರಲ್ಲಿ ಸೆಲಿಗ್‌ಮನ್ ಮತ್ತು ಮೈಯರ್ ಎಂಬ ಇಬ್ಬರು ಪ್ರಕಟಿಸಿದ ಪ್ರಯೋಗದಲ್ಲಿ, ತಪ್ಪಿಸಿಕೊಳ್ಳಲಾಗದಂತೆ ಕರೆಂಟ್ ಶಾಕ್ ತಿಂದ ನಾಯಿಗಳಲ್ಲಿ ಹಲವು, ಆಮೇಲೆ ತಪ್ಪಿಸಿಕೊಳ್ಳುವ ದಾರಿ ಇದ್ದರೂ ಕೂತಲ್ಲೇ ಕೂತುಬಿಟ್ಟವು. ಮಹಡಿಯ ಮೇಲೆ ನಾನು ನೋಡಿದ್ದು ಅಂಥದ್ದೇ.

ರೂಢಿ ಅನ್ನೋದು ಸುಳ್ಳೇನಲ್ಲ. ಅದನ್ನು ನಮ್ಮೂರಿನಲ್ಲೇ ಪ್ರತಿ ವರ್ಷ ನೋಡಬಹುದು. ದಸರಾಕ್ಕೆ ಮುಂಚೆ ಆನೆ, ಕುದುರೆಗಳಿಗೆ ಕುಶಾಲತೋಪಿನ ತಾಲೀಮು ಇರುತ್ತದೆ. ಜಂಬೂಸವಾರಿಯ ದಿನ 21 ಸುತ್ತು ಫಿರಂಗಿ ಹಾರಿಸುವಾಗ ಬೆದರಬಾರದಲ್ಲ, ಅದಕ್ಕೆ. ವಸ್ತುಪ್ರದರ್ಶನ ಮೈದಾನದ ಕಡೆ ತಾಲೀಮು ನಡೆದರೆ ನಮ್ಮ ಕಿಟಕಿ ಗಾಜೂ ಒಮ್ಮೆ ಅದುರುತ್ತದೆ. ಒಂದು ಸಲ ಹೋಗಿ ನೋಡಿದೆ. ಹಳೆಯ ಆನೆಗಳು ಕಂಬದ ಹಾಗೆ ನಿಂತಿದ್ದವು. ಹೊಸ ಆನೆಯೊಂದು ಹಿಂದಕ್ಕೆ ಜಗ್ಗಿತು, ಮಾವುತ ಅದರ ಕಿವಿಯ ಹತ್ತಿರ ಬಗ್ಗಿ ಮಾತಾಡುತ್ತಲೇ ಇದ್ದ. ಪಕ್ಕದಲ್ಲಿ ಹಳಬರು, ಮೇಲೆ ನಂಬಿದ ಮಾವುತ, ಒಂದೇ ದಿನಕ್ಕೆ ಮುಗಿಸದೆ ಕೆಲವು ದಿನ ಬಿಟ್ಟು ಮತ್ತೆ ತಾಲೀಮು. ಇಷ್ಟಿದ್ದರೆ ರೂಢಿ ಆಗಬಹುದು. ಆದರೆ ಅದೇ ಸದ್ದಿಗೆ ಒಂದು ಪ್ರಾಣಿ ಒಗ್ಗಿಕೊಂಡರೆ, ಇನ್ನೊಂದಕ್ಕೆ ಪ್ರತಿ ಸಲವೂ ಭಯ ಏರುತ್ತಾ ಹೋಗುತ್ತದೆ. ಬೆಲ್ಲ ಎರಡನೆಯ ಜಾತಿ.

ಹಾಗಾಗಿ ಬೇಸಿಗೆ ರಜೆಯಲ್ಲಿ ಹಳೇ ನೋಟ್ಸ್ ಬಿಚ್ಚದೆ, ನೆನಪಿನ ಮೇಲೆಯೇ ಶುರು ಮಾಡಿದೆ. ಯೋಚನೆ ಸರಳ. ಮೊಬೈಲಿನಲ್ಲಿ ಪಟಾಕಿ ಸದ್ದು ಸಣ್ಣಗೆ ಹಾಕೋದು, ಕೋಳಿ ಕೊಡೋದು. ಬರೀ ನೀರಿನಲ್ಲಿ ಬೇಯಿಸಿದ ಕೋಳಿ. ಈರುಳ್ಳಿ ನಾಯಿಗೆ ಆಗಿಬರುವುದಿಲ್ಲ, ಆದ್ದರಿಂದ ನಮ್ಮ ಸಾರಿನ ತುಂಡು ಬೇಡ. ಕಡಲೆಬೀಜದಷ್ಟು ಚೂರು ಮಾಡಿ ಸ್ಟೀಲ್ ಡಬ್ಬಕ್ಕೆ ಹಾಕಿಟ್ಟೆ. ಸಂಜೆ ನೆಲದ ಮೇಲೆ ಕೂತು ಡಬ್ಬದ ಮುಚ್ಚಳ ತೆಗೆಯುತ್ತಿದ್ದೆ. ಟಕ್. ಬೆಲ್ಲ ಓಡಿ ಬರುತ್ತಿತ್ತು. ಒಂದು ಚೂರು ಕೊಟ್ಟು, ಅದು ಖುಷಿಯಾಗಿದೆ ಅಂತ ಖಾತ್ರಿಯಾದ ಮೇಲೆ ಮೊಬೈಲ್ ಒತ್ತುತ್ತಿದ್ದೆ. ಮೊದಲು ಖುಷಿ, ಆಮೇಲೆ ಸದ್ದು. ನನಗೆ ಇದು ಬಹಳ ಬುದ್ಧಿವಂತಿಕೆ ಅನ್ನಿಸಿತ್ತು.

ಎಂಟೊಂಬತ್ತು ದಿನ ಆಗಿರಬೇಕು. ಮಗಳು ಅಡುಗೆಮನೆಯಲ್ಲಿ ಚಕ್ಕುಲಿಗೆ ಅಂತ ಬೇರೆ ಯಾವುದೋ ಸ್ಟೀಲ್ ಡಬ್ಬ ತೆಗೆದಳು. ಟಕ್. ಹಾಲಿನಲ್ಲಿ ಮಲಗಿದ್ದ ಬೆಲ್ಲ ಎದ್ದಿತು. ಕಿವಿ ಹಿಂದಕ್ಕೆ ಮಡಚಿಕೊಂಡಿತು. ಒಂದು ಸಲ ಮೂತಿ ನೆಕ್ಕಿಕೊಂಡು, ಗೋಡೆ ಪಕ್ಕದಲ್ಲೇ ನಡೆದು ಮಂಚದ ಕೆಳಗೆ ಹೋಯಿತು.

‘ಅಪ್ಪಾ, ಡಬ್ಬ ತೆಗೆದ್ರೂ ಹೆದರ್ಕೊಳ್ಳುತ್ತಲ್ಲ ಇದು?’

ಆ ರಾತ್ರಿ ಅಟ್ಟದಿಂದ ಬಿ.ಎಡ್. ನೋಟ್ಸ್ ಇಳಿಸಿದೆ. ಚಿತ್ರ ಇತ್ತು, ಬಾಣವೂ ಇತ್ತು. ಗಂಟೆಯಿಂದ ಊಟಕ್ಕೆ. ಮೊದಲು ಬರುವುದು ಸುದ್ದಿ ಹೇಳುತ್ತದೆ, ಆಮೇಲೆ ಬರುವುದು ಆ ಸುದ್ದಿಯ ವಿಷಯ. ನಾನು ತಿರುಗಿಸಿ ಹಾಕಿದ್ದೆ. ಬೆಲ್ಲನ ಪಾಲಿಗೆ ಡಬ್ಬದ ಟಕ್, ಕೋಳಿ ಎರಡೂ ಸೇರಿ ‘ಇನ್ನೇನು ಪಟಾಕಿ ಬರುತ್ತದೆ’ ಎಂಬ ಸುದ್ದಿಯಾಗಿದ್ದವು. ಅದು ತಪ್ಪು ಕಲಿತಿರಲಿಲ್ಲ. ನಾನು ಕಲಿಸಿದ್ದನ್ನು ಅಚ್ಚುಕಟ್ಟಾಗಿ ಕಲಿತಿತ್ತು.

ಪಾವ್ಲೋವ್ ಬಗ್ಗೆ ಒಂದು ಮಾತು. ಅವರಿಗೆ 1904ರಲ್ಲಿ ನೊಬೆಲ್ ಬಂದದ್ದು ಜೀರ್ಣಕ್ರಿಯೆಯ ಕೆಲಸಕ್ಕೆ, ಈ ಕಲಿಕೆಯ ಕೆಲಸಕ್ಕಲ್ಲ. ಊಟ ತರುವ ಆಳಿನ ಹೆಜ್ಜೆ ಸದ್ದಿಗೇ ನಾಯಿಗಳು ಜೊಲ್ಲು ಸುರಿಸಿ ಲೆಕ್ಕ ಕೆಡಿಸುತ್ತಿದ್ದವು. ಆ ಕಿರಿಕಿರಿಯನ್ನೇ ಅವರು ಹಿಡಿದು ಹೊರಟರು. ನಾವು ಗಂಟೆ ಗಂಟೆ ಅನ್ನುತ್ತೇವೆ, ಅವರು ಜಾಸ್ತಿ ಬಳಸಿದ್ದು ಟಿಕ್ ಟಿಕ್ ಅಂತ ತಾಳ ಹಾಕುವ ಮೆಟ್ರೊನೋಮ್, ಬಝರ್ ಇಂಥವನ್ನು. ಊಟ ಮೊದಲು ಕೊಟ್ಟು ಆಮೇಲೆ ಸದ್ದು ಮಾಡಿದರೆ ಜೊಲ್ಲಿನ ಪಾಠ ನಡೆಯುವುದೇ ಕಷ್ಟ ಅನ್ನೋದೂ ಅವರ ಪ್ರಯೋಗಾಲಯದಲ್ಲೇ ಕಂಡಿತ್ತು.

ಮತ್ತೆ ಮೊದಲಿಂದ. ಸ್ಟೀಲ್ ಡಬ್ಬ ಬಿಟ್ಟು ಬಟ್ಟೆ ಚೀಲ ತಂದೆ. ಚೀಲ ಬೆನ್ನ ಹಿಂದೆ, ಕೈ ತೊಡೆಯ ಮೇಲೆ. ಮೊದಲು ಸದ್ದು, ಕೇಳಿಸಿತೋ ಇಲ್ಲವೋ ಅನ್ನುವಷ್ಟು ಸಣ್ಣದು. ಮನಸ್ಸಿನಲ್ಲಿ ‘ಒಂದು’ ಅಂತ ಎಣಿಸಿ, ಆಮೇಲೆ ಕೈ ಹಿಂದಕ್ಕೆ ಹೋಗಬೇಕು. ಕೈ ಮೊದಲೇ ಅಲ್ಲಾಡಿದರೆ ಕೈಯೇ ಸುದ್ದಿಯಾಗಿಬಿಡುತ್ತದೆ. ಇದು ಹೇಳಿದಷ್ಟು ಸುಲಭವಲ್ಲ. ಮಗಳು ವಿಡಿಯೋ ತೆಗೆದು ತೋರಿಸಿದಾಗಲೇ ಗೊತ್ತಾಗಿದ್ದು, ಮೊಬೈಲ್ ಒತ್ತುವ ಮುಂಚೆಯೇ ನನ್ನ ಬಲ ಭುಜ ಮೇಲೇಳುತ್ತಿತ್ತು. ಕೊನೆಗೆ ಮೊಬೈಲ್ ಮಗಳ ಕೈಗೆ ಕೊಟ್ಟು ಪಕ್ಕದ ಕೋಣೆಗೆ ಕಳಿಸಿದೆ. ಯಾವಾಗ ಒತ್ತುತ್ತಾಳೋ ನನಗೂ ಗೊತ್ತಿಲ್ಲ. ಒಮ್ಮೆ ಇಪ್ಪತ್ತು ಸೆಕೆಂಡಿಗೆ, ಒಮ್ಮೆ ಎರಡು ನಿಮಿಷಕ್ಕೆ. ಹೊತ್ತಿಗೆ ಎಂಟು ಸಲ, ದಿನಕ್ಕೆ ಎರಡು ಹೊತ್ತು. ಸದ್ದು ಬಂದರೆ ಕೋಳಿ, ಬರದಿದ್ದರೆ ಇಲ್ಲ. ಮಧ್ಯದಲ್ಲಿ ಸುಮ್ನೆ ಪ್ರೀತಿಗೆ ಅಂತ ಒಂದು ಚೂರೂ ಇಲ್ಲ. ಸದ್ದಿಲ್ಲದೆಯೂ ಕೋಳಿ ಸಿಗುವುದಾದರೆ ಸದ್ದಿಗೆ ಏನು ಬೆಲೆ?

‘ಹೆದರಿದಾಗ ತಿನ್ನಿಸಿದ್ರೆ ಹೆದರಿಕೇನ ಬೆಳೆಸಿದ ಹಾಗಾಗಲ್ವೇನ್ರೀ?’ ಅಂತ ಹೆಂಡತಿ ಕೇಳಿದಳು. ಒಳ್ಳೆಯ ಪ್ರಶ್ನೆ. ಈಗ ಬೇರೆಯವರ ನಾಯಿ ನೋಡಲು ಹೋದಾಗಲೂ ಎಲ್ಲರೂ ಕೇಳುವುದು ಇದನ್ನೇ. ಭಯ ಅನ್ನೋದು ಕೂಲಿಗೆ ಮಾಡುವ ಕೆಲಸವಲ್ಲ. ಕೂರೋದು, ಕೈ ಕೊಡೋದು ಕೆಲಸ. ಕೂಲಿ ಕೊಟ್ಟರೆ ಜಾಸ್ತಿಯಾಗುತ್ತದೆ. ಅದು ಸ್ಕಿನ್ನರ್ ಲೆಕ್ಕ, ಕ್ರಿಯಾಜನ್ಯ ಅನುಬಂಧನ. ಎದೆ ಡವಡವ ಅನ್ನೋದನ್ನು ಯಾರೂ ಬೇಕು ಅಂತ ಮಾಡುವುದಿಲ್ಲ. 1924ರಲ್ಲಿ ಮೇರಿ ಕವರ್ ಜೋನ್ಸ್ ಎಂಬಾಕೆ ಮೊಲಕ್ಕೆ ಹೆದರುತ್ತಿದ್ದ ಪೀಟರ್ ಎಂಬ ಪುಟ್ಟ ಹುಡುಗನಿಗೆ ಇಷ್ಟದ ತಿಂಡಿ ಕೊಡುತ್ತಾ, ಪಂಜರದ ಮೊಲವನ್ನು ಸ್ವಲ್ಪ ಸ್ವಲ್ಪವೇ ಹತ್ತಿರ ತಂದರು. ಕೊನೆಗೆ ಅವನು ಮೊಲವನ್ನು ಮುಟ್ಟಿ ಆಡಿದ. ಆಕೆಯ ಹಿಡಿತ ಇದ್ದದ್ದು ದೂರದಲ್ಲಿ. ನನ್ನ ಹಿಡಿತ ವಾಲ್ಯೂಮಿನಲ್ಲಿ. ಬೆಲ್ಲ ಕೋಳಿಯನ್ನು ಮೂಸಿ ಬಿಟ್ಟರೆ ಸದ್ದು ಜಾಸ್ತಿಯಾಯಿತು ಅಂತ ಅರ್ಥ. ಹಸಿದ ನಾಯಿಗೂ ಭಯದಲ್ಲಿ ಗಂಟಲಲ್ಲಿ ಇಳಿಯುವುದಿಲ್ಲ. ತಕ್ಷಣ ಎರಡು ಮೆಟ್ಟಿಲು ಕೆಳಗೆ.

ಹನ್ನೆರಡನೆಯ ದಿನವೋ ಏನೋ, ಪಕ್ಕದ ಕೋಣೆಯಿಂದ ಢಂ ಅಂತು. ಬೆಲ್ಲ ಸದ್ದು ಬಂದ ಕಡೆ ನೋಡಲಿಲ್ಲ. ಗಕ್ಕನೆ ನನ್ನ ಮುಖ ನೋಡಿತು. ಬಾಲ ನೆಲದ ಮೇಲೆ ಎರಡು ಸಲ ಬಡಿಯಿತು. ನಾನು ಕೈ ಇನ್ನೂ ಎತ್ತಿರಲಿಲ್ಲ. ಬಾಣ ಸರಿಯಾದ ಕಡೆ ತಿರುಗಿತ್ತು.

ಈ ಮಧ್ಯೆ ಮನೆಯಲ್ಲಿ ಇನ್ನೊಂದು ಪಾಠ ನಡೆಯುತ್ತಿತ್ತು. ಮೇಷ್ಟ್ರು ನಮ್ಮಮ್ಮ. ಊಟಕ್ಕೆ ಕೂತರೆ ಬೆಲ್ಲ ಅವರ ಪಕ್ಕ ಕೂತು ಕುಯ್ ಕುಯ್ ಅನ್ನೋದು.

‘ಅಮ್ಮ, ನೀವು ಕೊಡ್ತಿದ್ದೀರಾ?’

‘ನಾನೆಲ್ಲಿ ಕೊಟ್ನೋ? ಯಾವಾಗ್ಲೋ ಒಂದ್ಸಲ, ದೋಸೆ ಅಂಚು.’

ಆ ‘ಯಾವಾಗ್ಲೋ ಒಂದ್ಸಲ’ವೇ ಮುಳುವು. ಪ್ರತಿ ಸಲ ಕೊಟ್ಟು ಅಭ್ಯಾಸವಾದದ್ದನ್ನು ನಿಲ್ಲಿಸಿದರೆ ನಾಯಿ ಬೇಗ ಕೈ ಬಿಡುತ್ತದೆ. ಮೂರಕ್ಕೊಮ್ಮೆ, ಹತ್ತಕ್ಕೊಮ್ಮೆ ಅಂತ ಲೆಕ್ಕವಿಲ್ಲದೆ ಕೊಟ್ಟರೆ ಅಷ್ಟು ಬೇಗ ಬಿಡುವುದಿಲ್ಲ. ಸ್ಕಿನ್ನರ್ ಪಾರಿವಾಳಗಳೂ ಹಾಗೇ, ಲಾಟರಿ ಟಿಕೆಟ್ ಕೊಳ್ಳುವ ನಮ್ಮ ಜನರೂ ಹಾಗೇ. ಸರಿ, ಪೂರ್ತಿ ನಿಲ್ಲಿಸೋಣ ಅಂದೆ. ಅಮ್ಮ ನಾಲ್ಕು ದಿನ ತಡೆದರು. ಐದನೆಯ ದಿನ ಬೆಲ್ಲ ಬೊಗಳಿ, ಸೀರೆ ಸೆರಗು ಕೆರೆದು, ತಟ್ಟೆಗೇ ಮೂತಿ ಹಾಕಿತು. ಕೂಲಿ ನಿಂತಾಗ ಆರುವ ಮುಂಚೆ ದೀಪ ಕೆಲವು ಸಲ ಹೀಗೆ ಒಮ್ಮೆ ಜೋರಾಗಿ ಉರಿಯುತ್ತದೆ. ಅಮ್ಮ ‘ಪಾಪ ಮುಂಡೇದು’ ಅಂತ ಅರ್ಧ ದೋಸೆ ಹಾಕಿದರು. ಅಂದರೆ ಸುಮ್ಮನೆ ಕುಯ್‌ಗುಟ್ಟಿದರೆ ಸಾಲದು, ಸೀರೆ ಕೆರೆಯಬೇಕು ಎಂಬ ಪಾಠ ಆಯಿತು.

ಅಮ್ಮನನ್ನು ತಿದ್ದುವ ಬದಲು ಅವರಿಗೇ ಕೆಲಸ ಕೊಟ್ಟೆ. ಬಾಗಿಲ ಹತ್ತಿರ ಒಂದು ಗೋಣಿಚೀಲ ಹಾಸಿದೆ. ದೋಸೆ ಅಂಚು ಕೊಡಿ, ಎಷ್ಟು ಬೇಕಾದರೂ ಕೊಡಿ, ಆದರೆ ಅದು ಗೋಣಿಯ ಮೇಲೆ ಇದ್ದಾಗ ಮಾತ್ರ, ಗೋಣಿಯ ಮೇಲಕ್ಕೇ ಎಸೆಯಿರಿ. ಅಮ್ಮನ ಗುರಿ ಅದ್ಭುತ. ನಾಯಿಯ ನಾಲ್ಕನೆಯ ಕಾಲು ಗೋಣಿ ಮುಟ್ಟುವುದಕ್ಕೂ ದೋಸೆ ಬೀಳುವುದಕ್ಕೂ ಸರಿಯಾಗುತ್ತಿತ್ತು. ನಾನು ಒಂದು ತಿಂಗಳು ಅಭ್ಯಾಸ ಮಾಡಿದರೂ ಬಾರದ ಸಮಯಪ್ರಜ್ಞೆ. ವಾರದಲ್ಲಿ ‘ಗೋಣಿ’ ಅಂದರೆ ಸಾಕು, ಬೆಲ್ಲ ಓಡಿ ಹೋಗಿ ಕೂರುತ್ತಿತ್ತು. ಈಗಲೂ ನಾನು ಹೇಳಿದರೆ ಸ್ವಲ್ಪ ಯೋಚಿಸುತ್ತದೆ, ಅಮ್ಮ ಹೇಳಿದರೆ ಓಡುತ್ತದೆ.

ಪಟಾಕಿ ವಿಷಯ ಅಷ್ಟು ನೆಟ್ಟಗೆ ಸಾಗಲಿಲ್ಲ. ಮೊಬೈಲಿನ ಢಂಗೆ ನೆಲ ಅದುರುವುದಿಲ್ಲ, ಮದ್ದಿನ ವಾಸನೆ ಇಲ್ಲ. ಗಣೇಶನ ವಿಸರ್ಜನೆಯಲ್ಲಿ ಮನೆ ಮುಂದೆಯೇ ಪಟಾಕಿ ಹೊಡೆದಾಗ ಬೆಲ್ಲ ಮತ್ತೆ ಮಂಚದ ಕೆಳಗೆ ಹೋಯಿತು. ನಾನು ತಲೆ ಮೇಲೆ ಕೈ ಹೊತ್ತು ಕೂತೆ. ಹಳೆಯ ಕಲಿಕೆ ಅಳಿಸಿ ಹೋಗುವುದಿಲ್ಲ, ಅದರ ಮೇಲೆ ಹೊಸದೊಂದು ಕೂರುತ್ತದೆ ಅಷ್ಟೇ. ಬಿಡುವು ಕೊಟ್ಟರೆ ಹಳೆಯದು ತಲೆ ಎತ್ತುತ್ತದೆ ಅನ್ನೋದನ್ನೂ ಪಾವ್ಲೋವ್ ಕಂಡಿದ್ದರು. ನಾನು ಜುಲೈನಲ್ಲಿ ಪರೀಕ್ಷೆ ಪೇಪರ್ ನೆಪದಲ್ಲಿ ಬಿಡುವು ಕೊಟ್ಟಿದ್ದೆ. ಮತ್ತೆ ಸಣ್ಣ ಸದ್ದಿನಿಂದ ಶುರು. ಆದರೆ ಎರಡನೇ ಸಲ ಹನ್ನೆರಡು ದಿನ ಹಿಡಿಯಲಿಲ್ಲ, ನಾಲ್ಕೇ ದಿನ. ಮಂಡ್ಯದಲ್ಲಿ ಭಾವನ ಮನೆಯಲ್ಲೂ ಎರಡು ದಿನ ಮಾಡಿದೆವು, ನಮ್ಮ ಹಾಲಿಗಷ್ಟೇ ಈ ಪಾಠ ಅಂತ ಅದು ಅಂದುಕೊಳ್ಳಬಾರದಲ್ಲ. ಆ ವರ್ಷದ ದೀಪಾವಳಿಗೆ ಪಶುವೈದ್ಯರನ್ನು ಕೇಳಿ ಮಾತ್ರೆಯನ್ನೂ ಕೊಟ್ಟೆ. ಅದರಲ್ಲಿ ಸೋಲೇನಿಲ್ಲ. ಭಯ ವಿಪರೀತವಿದ್ದಾಗ ಪಾಠ ತಲೆಗೆ ಹತ್ತುವುದಿಲ್ಲ. ಬಿಡಿ ಪಟಾಕಿಗೆ ಬಂದು ಕೋಳಿ ತಿಂದಿತು. ಸರಪಟಾಕಿಗೆ ಮಂಚದ ಕೆಳಗೇ ಹೋಯಿತು, ಮುಗಿದ ಐದು ನಿಮಿಷಕ್ಕೆ ತಾನಾಗಿ ಹೊರಗೆ ಬಂತು.

ಕಳೆದ ವಿಜಯದಶಮಿಯ ದಿನ ಟಿವಿಯಲ್ಲಿ ಜಂಬೂಸವಾರಿ ನೋಡುತ್ತಾ ಕೂತಿದ್ದೆವು. ಚೀಲ ಬೆನ್ನ ಹಿಂದೆ ಸಿದ್ಧವಾಗಿತ್ತು. ಪುಷ್ಪಾರ್ಚನೆ ಆಯಿತು, ರಾಷ್ಟ್ರಗೀತೆ ಶುರುವಾಯಿತು, ಮೊದಲ ತೋಪು ಹಾರಿತು. ಬೆಲ್ಲ ಚಾಪೆಯಿಂದ ಎದ್ದು ಬಂದು ನನ್ನ ಮುಂದೆ ಕೂತಿತು. ಕೋಳಿ ಕೊಟ್ಟೆ. ಅಗಿಯುವ ಮುಂಚೆಯೇ ಇನ್ನೊಂದು, ಮತ್ತೊಂದು. ರಾಷ್ಟ್ರಗೀತೆ ಮುಗಿಯುವುದರೊಳಗೆ 21 ಆಗಬೇಕಲ್ಲ, ನನ್ನ ಬೆರಳು ಚೀಲದಲ್ಲಿ ತಡಕಾಡಿದವು, ಎರಡು ಚೂರು ಕೆಳಗೆ ಬಿದ್ದವು. ಬೆಲ್ಲ ನನ್ನನ್ನು ನೋಡಿತು. ಆಮೇಲೆ ಎದ್ದು ಹೋಗಿ ಗೋಣಿಯ ಮೇಲೆ ಕೂತು ಅಮ್ಮನನ್ನು ನೋಡಿತು. ಅಮ್ಮನ ಕೈಯಲ್ಲಿ ಬೆಳಗಿನ ದೋಸೆ ಇತ್ತು. ಢಂ, ಒಂದು ಚೂರು. ಢಂ, ಒಂದು ಚೂರು.

‘ನೀನು ಲೇಟು ಕಣೋ’ ಅಂದರು ಅಮ್ಮ, ಟಿವಿಯಿಂದ ಕಣ್ಣು ತೆಗೆಯದೆ.