ಲೆವೆಲ್ 150 ಇದ್ದರೂ ಸಾಲದ ನೆಲ: ಎಲ್ಡನ್ ರಿಂಗ್ ಡಿಎಲ್‌ಸಿ ಆಡಿದ ನನ್ನ ಅನುಭವ

ಎಲ್ಡನ್ ರಿಂಗ್ ಆಟಕ್ಕೆ ಆಮೇಲೆ ಬಂದ ಡಿಎಲ್‌ಸಿ, ಅಂದರೆ ಹೆಚ್ಚುವರಿ ಭಾಗ, ಶ್ಯಾಡೋ ಆಫ್ ದಿ ಎರ್ಡ್‌ಟ್ರೀ ಏನೇನು ಸೇರಿಸುತ್ತದೆ ಅಂತ ಕೇಳಿದರೆ ಎಲ್ಲರೂ ಮ್ಯಾಪ್, ಬಾಸ್, ಕತ್ತಿ ಅಂತ ಎಣಿಸಲು ಶುರು ಮಾಡುತ್ತಾರೆ. ಅವೆಲ್ಲ ಇವೆ, ಬೇಕಾದಷ್ಟು ಇವೆ. ಆದರೆ ನನ್ನ ಮಟ್ಟಿಗೆ ಅದು ಸೇರಿಸಿದ ದೊಡ್ಡ ವಿಷಯ ಒಂದು ಹೊಸ ಅಳತೆ. ಮೂಲ ಆಟದಲ್ಲಿ ಶತ್ರುಗಳನ್ನು ಕೊಂದು ಗಳಿಸಿದ ರೂನ್ ಸುರಿದು ಎಷ್ಟು ಲೆವೆಲ್ ಏರಿಸಿದ್ದೀರಿ ಅನ್ನೋದಕ್ಕೆ ಇಲ್ಲಿ ಬೆಲೆ ಕಮ್ಮಿ. ಈ ನೆಲದಲ್ಲಿ ಎಷ್ಟು ಸುತ್ತಿದ್ದೀರಿ ಅನ್ನೋದಕ್ಕೆ ಬೆಲೆ ಜಾಸ್ತಿ. ನಾನು ಇಡೀ ಡಿಎಲ್‌ಸಿ ಆಡಿದ್ದು ಈ ಒಂದು ವಿಷಯ ಹಿಡಿದುಕೊಂಡು.

ಮೂಲ ಎಲ್ಡನ್ ರಿಂಗ್ ಬಂದದ್ದು 2022ರ ಫೆಬ್ರವರಿಯಲ್ಲಿ. ಡಿಎಲ್‌ಸಿ ಬಂದದ್ದು 2024ರ ಜೂನ್ 21ಕ್ಕೆ. ಪುಣೆಯಲ್ಲಿ ಆಗ ಮಳೆ ಹಿಡಿದಿತ್ತು. ಹಿಂಜವಡಿಯಲ್ಲಿ ಆಫೀಸ್ ಮುಗಿಸಿ ವಾಕಡ್‌ನ ಮನೆಗೆ ಬರುವಷ್ಟರಲ್ಲಿ ಟ್ರಾಫಿಕ್ ಪ್ರಾಣ ಹಿಂಡುತ್ತಿತ್ತು. ಆಮೇಲೆ ಊಟ, ಆಮೇಲೆ ಆಟ. ಕಲಬುರಗಿಯ ನನ್ನ ಚಿಕ್ಕಪ್ಪನ ಮಗ ಕೋಥ್ರೂಡ್‌ನಲ್ಲಿ ಹಾಸ್ಟೆಲ್‌ನಲ್ಲಿದ್ದುಕೊಂಡು ಇಂಜಿನಿಯರಿಂಗ್ ಓದುತ್ತಿದ್ದಾನೆ. ಭಾನುವಾರ ಅವನೂ ಬರುತ್ತಿದ್ದ. ನನ್ನ ಪಿಎಸ್5ರಲ್ಲಿ ಅವನದೂ ಒಂದು ಅಕೌಂಟ್ ಇದೆ.

ಒಳಗೆ ಹೋಗಲು ಎರಡು ಬಾಸ್‌ಗಳನ್ನು ಮುಗಿಸಿರಲೇಬೇಕು. ಕೇಲಿಡ್‌ನಲ್ಲಿ ಸ್ಟಾರ್‌ಸ್ಕರ್ಜ್ ರಡಾನ್, ಆಮೇಲೆ ನೆಲದಡಿಯ ಅರಮನೆಯಲ್ಲಿ ಮೋಗ್. ಈ ಮೋಗ್ ಮೂಲ ಆಟದಲ್ಲಿ ಬೇಕಿದ್ದರೆ ಬಿಡಬಹುದಾದ ಬಾಸ್. ಹಾಗಾಗಿ ಬಹಳ ಜನ ಆಟ ಮುಗಿಸಿದ್ದರೂ ಅವನ ಮುಖ ನೋಡಿರಲಿಲ್ಲ. ಡಿಎಲ್‌ಸಿ ದುಡ್ಡು ಕೊಟ್ಟು ತಗೊಂಡ ಮೇಲೆ ಬಾಗಿಲು ಎಲ್ಲಿದೆ ಅಂತ ಹುಡುಕುತ್ತಾ ಕೂತರು. ಮೋಗ್ ಸತ್ತ ಮೇಲೆ ಅಲ್ಲೇ ಇರುವ ಗೂಡಿನಿಂದ ಒಂದು ಒಣಗಿದ ಕೈ ಹೊರಗೆ ಚಾಚಿರುತ್ತದೆ. ಅದನ್ನು ಮುಟ್ಟಿದರೆ ನೆರಳಿನ ನಾಡು.

ಮುಟ್ಟುವ ಮೊದಲು ನಾನು ಒಂದು ತಯಾರಿ ಮಾಡಿಕೊಂಡೆ. ಆಯುಧದ ಮಟ್ಟ ಏರಿಸಲು ಸ್ಮಿಥಿಂಗ್ ಸ್ಟೋನ್ ಅನ್ನುವ ಕಲ್ಲು ಬೇಕು. ಅವು ಅಂಗಡಿಯಲ್ಲಿ ಸಿಗುವಂತೆ ಮಾಡುವ ಬೆಲ್ ಬೇರಿಂಗ್‌ಗಳನ್ನು ಒಂದೂ ಬಿಡದೆ ಹುಡುಕಿ, ಆಟದ ತಂಗುದಾಣವಾದ ರೌಂಡ್‌ಟೇಬಲ್ ಹೋಲ್ಡ್‌ನಲ್ಲಿ ಕೊಟ್ಟಿಟ್ಟೆ. ಡಿಎಲ್‌ಸಿಯಲ್ಲಿ ಎಂಟು ಹೊಸ ಜಾತಿಯ ಆಯುಧಗಳಿವೆ: ಬರಿಗೈ ಹೊಡೆತ, ಮೃಗದ ಉಗುರು, ಉದ್ದನೆಯ ಗ್ರೇಟ್ ಕಟಾನಾ, ಹಗುರವಾದ ಗ್ರೇಟ್‌ಸ್ವೋರ್ಡ್, ಹೀಗೆ. ಹೊಸದು ಕೈಗೆ ಬಂದಾಗ ಅದು ಸೊನ್ನೆ ಮಟ್ಟದಲ್ಲಿರುತ್ತದೆ. ಅಂಗಡಿಯಲ್ಲಿ ಕಲ್ಲು ಸಿಗುವಂತಿದ್ದರೆ ತಕ್ಷಣ ಹದ ಮಾಡಿ ಕೈಯಲ್ಲಿ ಹಿಡಿದು ನೋಡಬಹುದು. ಇಲ್ಲವಾದರೆ ಹಳೇ ಕತ್ತಿಯಲ್ಲೇ ಇಡೀ ಡಿಎಲ್‌ಸಿ ಮುಗಿದುಹೋಗುತ್ತದೆ. ನನಗೆ ಹಿಡಿಸಿದ್ದು ಎನ್ಸಿಸ್ ಕೋಟೆಯ ಪೆಟ್ಟಿಗೆಯೊಂದರಲ್ಲಿ ಸಿಗುವ ಮಿಲೇಡಿ ಅನ್ನುವ ಹಗುರ ಗ್ರೇಟ್‌ಸ್ವೋರ್ಡ್. ಉದ್ದ ಇದೆ, ಆದರೆ ಭಾರ ಅನ್ನಿಸುವುದಿಲ್ಲ. ಕೊನೆವರೆಗೂ ಅದೇ ನನ್ನ ಕೈಯಲ್ಲಿತ್ತು.

ಈಗ ಅಳತೆಯ ವಿಷಯ. ನೆರಳಿನ ನಾಡಿನ ತುಂಬಾ ಸ್ಕಾಡುಟ್ರೀ ಫ್ರ್ಯಾಗ್ಮೆಂಟ್ ಅನ್ನುವ ಚೂರುಗಳು ಚದುರಿಕೊಂಡಿವೆ. ಒಟ್ಟು 50. ಅವನ್ನು ಸೈಟ್ ಆಫ್ ಗ್ರೇಸ್ ಅನ್ನುವ ವಿಶ್ರಾಂತಿಯ ಜಾಗದಲ್ಲಿ ಕೂತು ಬಳಸಿದರೆ ನಿಮ್ಮ ಹೊಡೆತವೂ ಜೋರಾಗುತ್ತದೆ, ನಿಮಗೆ ಬೀಳುವ ಪೆಟ್ಟೂ ತಗ್ಗುತ್ತದೆ. 20 ಹಂತದವರೆಗೆ ಏರಿಸಬಹುದು. ಮೊದಮೊದಲು ಒಂದೆರಡು ಚೂರಿಗೇ ಹಂತ ಏರುತ್ತದೆ, ಮೇಲೆ ಹೋದ ಹಾಗೆ ಮೂರು ಬೇಕು. ಈ ಬಲ ಡಿಎಲ್‌ಸಿ ನೆಲದಲ್ಲಿ ಮಾತ್ರ ಕೆಲಸ ಮಾಡುತ್ತದೆ. ವಾಪಸ್ ಮೂಲ ಮ್ಯಾಪಿಗೆ ಹೋದರೆ ಇದಕ್ಕೆ ಅಲ್ಲಿ ಲೆಕ್ಕವಿಲ್ಲ. ಜಗಳಕ್ಕೆ ಜೊತೆಗೆ ಕರೆಯುವ ನಿಮ್ಮ ಸ್ಪಿರಿಟ್ ಆ್ಯಶ್‌ಗಳಿಗೆ ಮತ್ತು ಕುದುರೆ ಟಾರೆಂಟ್‌ಗೆ ಬೇರೆಯದೇ ಬೂದಿ ಇದೆ, ಅದು 10 ಹಂತ.

ಯಾಕೆ ಹೀಗೆ ಮಾಡಿದ್ದಾರೆ ಅಂತ ಯೋಚಿಸಿ ನೋಡಿ. ಎರಡು ವರ್ಷದಲ್ಲಿ ಕೆಲವರು ಲೆವೆಲ್ 120ಕ್ಕೆ ನಿಂತಿದ್ದಾರೆ, ಕೆಲವರು 300 ದಾಟಿದ್ದಾರೆ. ಇಬ್ಬರಿಗೂ ಒಂದೇ ಬಾಸ್ ಕಷ್ಟ ಆಗಬೇಕು, ಇಬ್ಬರಿಗೂ ಬೆಳೆಯುವ ಖುಷಿ ಸಿಗಬೇಕು. ಅಷ್ಟು ಮೇಲೆ ಹೋದವರಿಗೆ ಇನ್ನೊಂದು ಲೆವೆಲ್ ಏರಿದರೆ ಏನೂ ಗೊತ್ತಾಗುವುದೇ ಇಲ್ಲ. ಒಂದು ಚೂರು ಸಿಕ್ಕರೆ ಮಾತ್ರ ಮುಂದಿನ ಹೊಡೆತದಲ್ಲೇ ವ್ಯತ್ಯಾಸ ಕಾಣುತ್ತದೆ. ಬಹಳ ಬುದ್ಧಿವಂತ ಕೆಲಸ ಇದು. ಮೊದಲ ವಾರದಲ್ಲಿ ಪಿಸಿ ಆಟಗಳ ಆನ್‌ಲೈನ್ ಅಂಗಡಿ ಸ್ಟೀಮ್‌ನಲ್ಲಿ ವಿಪರೀತ ಕಷ್ಟ ಅಂತ ದೂರುಗಳ ಸುರಿಮಳೆಯೇ ಆಯಿತು. ಜೂನ್ 26ರ ಅಪ್‌ಡೇಟ್‌ನಲ್ಲಿ ಮೊದಲರ್ಧ ಹಂತಗಳ ಬಲ ಹೆಚ್ಚಿಸಿದರು. ಅಲ್ಲಿಂದ ಶುರುವಿನ ಏಟುಗಳು ಸ್ವಲ್ಪ ತಡೆದುಕೊಳ್ಳುವಂತಾದವು.

ನನ್ನ ತಮ್ಮ ಸಿಕ್ಕಿಕೊಂಡದ್ದು ಇಲ್ಲೇ. ಜೂನ್ ಕೊನೆಯ ಭಾನುವಾರ ಪುಣೆಗೆ ಪಂಢರಪುರಕ್ಕೆ ಹೋಗುವ ಪಾಲಖಿ ಬಂದಿತ್ತು. ಊರೊಳಗಿನ ರಸ್ತೆ ತುಂಬಾ ವಾರಕರಿಗಳು. ಹಾಸ್ಟೆಲ್‌ಗೆ ವಾಪಸ್ ಹೋಗೋದು ಬೇಡ ಅಂತ ರಾತ್ರಿ ನಮ್ಮನೆಯಲ್ಲೇ ಉಳಿದ. ಬೆಲುರಾಟ್ ಕೋಟೆಯ ಬಾಸ್ ಆದ ಸಿಂಹದ ಮುಂದೆ ಸತ್ತೂ ಸತ್ತೂ ಮುಖ ಕೆಂಪಾಗಿತ್ತು.

"ಅಕ್ಕಾ, ನಂದು ಲೆವೆಲ್ 170 ಅದ. ವಿಗರ್ 60 ಅದ. ಆದ್ರೂ ಎರಡೇ ಏಟಿಗೆ ಸಾಯ್ಲಿಕತ್ತೀನಿ. ಈ ಗೇಮ್ ಸರಿ ಇಲ್ಲ."

"ಚೂರು ಎಷ್ಟು ಹಚ್ಚೀ?"

"ಯಾವ ಚೂರು?"

ಒಂದು ಹಂತವೂ ಏರಿಸಿರಲಿಲ್ಲ! ಬ್ಯಾಗಿನಲ್ಲಿ ಎರಡು ಸುಮ್ನೆ ಬಿದ್ದಿದ್ದವು. ಅವನ್ನು ಅಲ್ಲೇ ಗ್ರೇಸ್‌ನಲ್ಲಿ ಹಚ್ಚಿಸಿ, "ಈಗ ಸಿಂಹದ ಸುದ್ದಿ ಬಿಡು, ಹೊರಗೆ ನಡೆ" ಅಂದೆ. ಎಲ್ಲಿ ಹುಡುಕಬೇಕು ಅನ್ನೋದಕ್ಕೆ ಗುರುತುಗಳಿವೆ. ರಾಣಿ ಮರಿಕಾಳ ಮಗ ಮಿಕೆಲಾ ಈ ನಾಡಿಗೆ ಬಂದವನು, ಹೋದ ದಾರಿಯಲ್ಲಿ ಹೊಳೆಯುವ ಶಿಲುಬೆಗಳನ್ನು ನೆಟ್ಟು ಹೋಗಿದ್ದಾನೆ, ಅವುಗಳ ಬುಡದಲ್ಲಿ ಸಿಗುತ್ತವೆ. ಹಾಳು ಬಿದ್ದ ಚರ್ಚ್‌ಗಳಲ್ಲಿ ಮರಿಕಾಳ ಪ್ರತಿಮೆ ಇದ್ದರೆ ಅಲ್ಲೊಂದು ಇರುವ ಸಾಧ್ಯತೆ ಜಾಸ್ತಿ. ದೊಡ್ಡ ಕೊಡ ಹೊತ್ತು ಸುಮ್ಮನೆ ನಿಂತ ನೆರಳಿನ ಆಕೃತಿಗಳು ಕಂಡರೆ ಬಿಡಬೇಡಿ. ಅವು ತಿರುಗಿ ಹೊಡೆಯುವುದಿಲ್ಲ, ಸತ್ತರೆ ಚೂರು ಕೊಡುತ್ತವೆ. ಗ್ರೇವ್‌ಸೈಟ್ ಪ್ಲೇನ್‌ನಲ್ಲಿ ಓಡಾಡುವ ಆ ಬೆಂಕಿಯ ಬುಟ್ಟಿ ದೈತ್ಯನನ್ನು ಮಾತ್ರ ಆಗ ಕೆಣಕಬಾರದು. ಅದನ್ನು ಆಮೇಲೆ ಬಂದು ಕಾಲಿಗೆ ಹೊಡೆದು ಕೆಡವಬಹುದು, ಕುಡಿಯುವ ಮದ್ದಿಗೆ ಬೆರೆಸುವ ಒಳ್ಳೆಯ ಕ್ರಿಸ್ಟಲ್ ಟಿಯರ್ ಸಿಗುತ್ತದೆ.

ನಾನೇ ಹಾಕಿಕೊಂಡ ಲೆಕ್ಕ ಹೀಗಿತ್ತು: ಸಿಂಹಕ್ಕೆ ಮೂರು ನಾಲ್ಕನೇ ಹಂತ, ಎನ್ಸಿಸ್ ಕೋಟೆಯ ರೆಲಾನಾಗೆ ಐದಾರು, ಶ್ಯಾಡೋ ಕೀಪ್ ಕೋಟೆಯ ಮೆಸ್ಮರ್‌ಗೆ ಹನ್ನೆರಡರ ಆಚೀಚೆ. ಅಷ್ಟಿಲ್ಲದಿದ್ದರೆ ಬಾಸ್ ಬಾಗಿಲಿಗೆ ಹೋಗುವುದೇ ಇಲ್ಲ, ಮ್ಯಾಪ್ ತೆಗೆದು ಇನ್ನೂ ಕಾಲಿಡದ ಮೂಲೆ ಯಾವುದು ಅಂತ ನೋಡುವುದು. ಇದರಿಂದ ನನಗೆ ಬಾಸ್‌ಗಳು ಸಲೀಸಾದರು ಅಂತಲ್ಲ. ಸೋತಾಗ ಮಾಡಲು ಒಂದು ಕೆಲಸ ಇರುತ್ತಿತ್ತು, ಅದೂ ಖುಷಿಯ ಕೆಲಸ.

ಸಿಂಹದ ಬಗ್ಗೆ ಇನ್ನೊಂದು ಮಾತು ಹೇಳದೆ ಮುಂದೆ ಹೋಗಲಾರೆ. ಅದು ನಿಜವಾದ ಸಿಂಹ ಅಲ್ಲ, ವೇಷ. ಹೊದಿಕೆಯ ಅಡಿಯಲ್ಲಿ ಇಬ್ಬರು ಮನುಷ್ಯರ ಕಾಲು ಕಾಣುತ್ತವೆ. ಮೊಹರಂನಲ್ಲಿ ಹುಲಿವೇಷದವರು ಹಲಗೆ ಏಟಿಗೆ ಮೈ ತಿರುಗಿಸಿ ಕುಣಿಯುವುದನ್ನು ನೋಡಿದವರಿಗೆ ಆ ತಲೆ ಅಲ್ಲಾಡಿಸುವ ಗತ್ತು ಥಟ್ಟನೆ ಗುರುತು ಸಿಗುತ್ತದೆ. ಕುಣಿಯುತ್ತಾ ಕುಣಿಯುತ್ತಾ ಗಾಳಿ, ಸಿಡಿಲು, ಹಿಮ ಒಂದೊಂದನ್ನೇ ಮೈಮೇಲೆ ಬರಿಸಿಕೊಳ್ಳುತ್ತದೆ. ನಾನು ತಮ್ಮನಿಗೆ ಹೇಳಿದ್ದು ಒಂದೇ: ತಲೆ ನೋಡಬೇಡ, ಕಾಲು ನೋಡು. ಒಳಗಿನವರ ಕಾಲು ಯಾವ ಕಡೆ ತಿರುಗಿತೋ ಹೊಡೆತ ಆ ಕಡೆಯಿಂದ ಬರುತ್ತದೆ. ಚೂರು ಹಚ್ಚಿಕೊಂಡು ಬಂದ ಮೇಲೆ ಅದೇ ರಾತ್ರಿ ಕೆಡವಿದ. ಕೆಳಗಿನ ಮನೆಯವರಿಗೆ ಎಚ್ಚರ ಆಗುವಷ್ಟು ಕೂಗಿದ.

ಮ್ಯಾಪ್ ನೋಡಿ ಮೋಸ ಹೋಗಬೇಡಿ. ಅಗಲದಲ್ಲಿ ಮೂಲ ಆಟಕ್ಕಿಂತ ಬಹಳ ಚಿಕ್ಕದು. ಆದರೆ ಒಂದರ ಮೇಲೊಂದು ಪದರ ಇದೆ. ಮ್ಯಾಪ್‌ನಲ್ಲಿ ಪಕ್ಕದಲ್ಲೇ ಕಾಣುವ ಜಾಗಕ್ಕೆ ಹೋಗಲು ಎಲ್ಲೋ ಜಲಪಾತದ ಹಿಂದೆ ಗುಹೆ ಹೊಕ್ಕು, ನದಿ ಪಾತ್ರ ಹಿಡಿದು ಇಳಿಯಬೇಕು. ದಕ್ಷಿಣದ ನೀಲಿ ಹೂವಿನ ಕಡಲತೀರ ಸಿಗುವುದು ಹಾಗೆ. ನಾನು ಮಾರ್ಕರ್ ಹಾಕಿ ಪಕ್ಕದಲ್ಲಿ 'ಮೇಲೆ', 'ಕೆಳಗೆ' ಅಂತ ನೋಟ್‌ಬುಕ್ಕಿನಲ್ಲಿ ಬರೆದುಕೊಳ್ಳುತ್ತಿದ್ದೆ. ಅಷ್ಟು ಸಾಕಾಯಿತು.

ಕಥೆಯಲ್ಲಿ ಇದು ಸೇರಿಸಿದ್ದೇನು ಅನ್ನೋದು ನನಗೆ ಎಲ್ಲಕ್ಕಿಂತ ಹತ್ತಿರದ ವಿಷಯ. ಮೂಲ ಆಟದಲ್ಲಿ ನಡೆದಾಡುವ ಗಡಿಗೆಗಳಿದ್ದವು. ಲಿಮ್‌ಗ್ರೇವ್‌ನಲ್ಲಿ ನೆಲದ ಗುಂಡಿಯಲ್ಲಿ ಸಿಕ್ಕಿಬಿದ್ದು, ಹಿಂದಿನಿಂದ ಹೊಡೆದು ಹೊರಗೆ ತೆಗೆ ಅನ್ನುವ ಅಲೆಕ್ಸಾಂಡರ್ ನೆನಪಿದ್ದಾನಲ್ವಾ? ಎಲ್ಲರಿಗೂ ಅವನೆಂದರೆ ಪ್ರೀತಿ. ಗಡಿಗೆಗಳ ಒಳಗೆ ಸತ್ತ ವೀರರ ಮಾಂಸ ಇರುತ್ತದೆ ಅಂತ ಆಗಲೇ ಹೇಳಿದ್ದರು. ನಾವೆಲ್ಲ ಅದನ್ನು ಆ ಲೋಕದ ಒಂದು ವಿಚಿತ್ರ ಅಂತ ಬಿಟ್ಟುಬಿಟ್ಟಿದ್ದೆವು.

ಡಿಎಲ್‌ಸಿಯಲ್ಲಿ ಬಾನಿ ಅಂತ ಒಂದು ಹಳ್ಳಿ ಬರುತ್ತದೆ. ಎಲ್ಲಿ ನೋಡಿದರೂ ಗಡಿಗೆ. ದಪ್ಪ ಮೈಯವರು ಕತ್ತಿ ಹಿಡಿದು ಓಡಾಡುತ್ತಿರುತ್ತಾರೆ. ಸೆರೆಮನೆಗಳಿಗೆ ಇಳಿದರೆ ಗಡಿಗೆಯೊಳಗೆ ತುಂಬಿಟ್ಟದ್ದು ಏನು ಅಂತ ಕಣ್ಣಾರೆ ಕಾಣುತ್ತದೆ. ಕೊಂಬಿನ ಜನ ಶಾಮನ್ ಹೆಂಗಸರನ್ನು ಹಿಡಿದು ತಂದು ಗಡಿಗೆಗೆ ತುಂಬುತ್ತಿದ್ದರು. ಅವರ ಮೈ ಬೇರೆಯವರ ಮೈ ಜೊತೆ ಕೂಡಿಕೊಳ್ಳುತ್ತದೆ ಅನ್ನೋದೇ ಅವರಿಗೆ ಶಾಪವಾಯಿತು. ದೇವತೆಯಾಗಿ ನಿಂತ ರಾಣಿ ಮರಿಕಾ ಅದೇ ಶಾಮನ್ ಕುಲದವಳು. ಅವಳ ಮಗ ಮೆಸ್ಮರ್ ಈ ನಾಡನ್ನೆಲ್ಲ ಸುಟ್ಟದ್ದು ಯಾಕೆ ಅಂತ ಆಗ ಅರ್ಥವಾಗುತ್ತದೆ. ಸುಟ್ಟದ್ದು ಸರಿ ಅಂತ ಆಟ ಎಲ್ಲೂ ಹೇಳುವುದಿಲ್ಲ. ಆ ಕೊಂಬಿನ ಜನರಲ್ಲೇ ಒಬ್ಬನಾದ ಹಾರ್ನ್‌ಸೆಂಟ್ ಅನ್ನುವ ಪಾತ್ರ ತನ್ನ ಜನರ ಸಾವಿಗೆ ಸೇಡು ಹುಡುಕುತ್ತಾ ನಿಮ್ಮ ಜೊತೆಗೇ ಓಡಾಡುತ್ತಿರುತ್ತಾನೆ.

ಬಾನಿಯಲ್ಲಿ 'ಓ ಮದರ್' ಅನ್ನುವ ಭಂಗಿ ಸಿಗುತ್ತದೆ. ಶ್ಯಾಡೋ ಕೀಪ್ ಹಿಂಬದಿಯಲ್ಲಿ ಮರಿಕಾಳ ಪ್ರತಿಮೆಯ ಮುಂದೆ ಆ ಭಂಗಿ ಮಾಡಿದರೆ ದಾರಿ ತೆರೆಯುತ್ತದೆ. ಅಲ್ಲಿಂದ ಹಿಡಿದು ಹೋದರೆ ಕೊನೆಗೆ ಶಾಮನ್ ಹಳ್ಳಿ. ಅಲ್ಲಿ ಶತ್ರುಗಳಿಲ್ಲ. ನಾಲ್ಕು ಮನೆ, ಹೂವು, ಒಂದು ಸಣ್ಣ ಬಂಗಾರದ ಮರ. ಮರದ ಹತ್ತಿರ ಗಾಯ ವಾಸಿ ಮಾಡುವ ಮಂತ್ರ ಸಿಗುತ್ತದೆ. ವಾಸಿ ಮಾಡಿಸಿಕೊಳ್ಳಲು ಒಬ್ಬರೂ ಉಳಿದಿಲ್ಲ ಅಂತ ಗೊತ್ತಿದ್ದೂ ಮರಿಕಾ ತನ್ನ ಊರಿಗೆ ಆ ಬೆಳಕು ಬಿಟ್ಟು ಹೋದಳು ಅನ್ನೋದು ಅದರ ವಿವರಣೆಯಲ್ಲಿದೆ. ಅವಳ ಕತ್ತರಿಸಿದ ಜಡೆಯೂ ಅಲ್ಲೇ ಇದೆ. ಮೂಲ ಆಟದುದ್ದಕ್ಕೂ ಮರಿಕಾ ನನಗೆ ಕಲ್ಲಿನ ಪ್ರತಿಮೆಯಾಗಿಯೇ ಇದ್ದಳು. ಈ ಹಳ್ಳಿ ನೋಡಿದ ಮೇಲೆ ಹಳೇ ಸೇವ್ ತೆಗೆದು ಮೂಲ ಆಟದ ಗಡಿಗೆಗಳ ಊರು ಜಾರ್‌ಬರ್ಗ್‌ನ ಪುಟ್ಟ ಗಡಿಗೆಗಳನ್ನು ಮತ್ತೆ ಹೋಗಿ ನೋಡಿ ಬಂದೆ. ಎರಡು ವರ್ಷ ಹಳೆಯ ಆಟವನ್ನು ಹೀಗೆ ಹಿಂದಿನಿಂದ ಬದಲಾಯಿಸಿಬಿಡುವ ಶಕ್ತಿ ಎಷ್ಟು ಡಿಎಲ್‌ಸಿಗಳಿಗಿದೆ?

ದಿ ವಿಚರ್ 3ರ ಬ್ಲಡ್ ಆ್ಯಂಡ್ ವೈನ್ ಕೂಡ ನನಗೆ ಬಹಳ ಇಷ್ಟ. 2016ರಲ್ಲಿ ಬಂದ ಅದು ಹೊಸ ನಾಡು, ಹೊಸ ಮ್ಯುಟೇಶನ್‌ಗಳು, ಗೆರಾಲ್ಟ್‌ಗೆ ದ್ರಾಕ್ಷಿತೋಟದ ಸ್ವಂತ ಮನೆ ಎಲ್ಲ ಕೊಟ್ಟು ಕಥೆಯನ್ನು ತಂಪಾಗಿ ಮುಗಿಸುತ್ತದೆ. ಅದು ಮುಂದಕ್ಕೆ ಹೋಗುವ ಡಿಎಲ್‌ಸಿ. ಇದು ಬುಡಕ್ಕೆ ಅಗೆಯುವುದು. ಎರಡರಲ್ಲಿ ನನ್ನ ಮನಸ್ಸು ಇದರ ಕಡೆಗೇ.

ಕೊರತೆ ಇಲ್ಲ ಅಂತಲ್ಲ. ಕಡಲತೀರದ ಕಡೆ ಸುಮಾರು ದೂರ ಕುದುರೆ ಓಡಿಸಿದರೂ ಕೈಗೆ ಬರುವುದು ಕಡಿಮೆ. ಅಷ್ಟು ಸುತ್ತಿಸಿದ ಮೇಲೆ ವಸ್ತು ತಯಾರಿಸುವ ವಿಧಾನ ಇರುವ ಒಂದು ಕುಕ್‌ಬುಕ್ ಕೊಟ್ಟು ಕಳಿಸಿದರೆ ಬೇಜಾರಾಗುತ್ತದೆ. ಕತ್ತಲೆಯ ಅಬಿಸಲ್ ಕಾಡಿನಲ್ಲಿ ಟಾರೆಂಟ್ ಹೆದರಿ ಬರುವುದೇ ಇಲ್ಲ. ಮೊದಲ ಸಲ ಮೈ ಜುಂ ಅನ್ನುತ್ತದೆ, ಎರಡನೇ ಸಲ ಬರೀ ನಡಿಗೆ.

ಇನ್ನೊಂದು ಮುಖ್ಯ ವಿಷಯ, ಪಾತ್ರಗಳು. ಮಿಕೆಲಾನನ್ನು ಹಿಂಬಾಲಿಸಿ ಬಂದ ಗುಂಪಿನ ಮುಂದಾಳು ಲೀಡಾ. ಅವಳ ಜೊತೆ ಬಂದವರೆಲ್ಲ ಮಿಕೆಲಾನ ಮೋಡಿಯಲ್ಲಿ ಒಗ್ಗಟ್ಟಾಗಿರುತ್ತಾರೆ. ನೀವು ಶ್ಯಾಡೋ ಕೀಪ್ ಹತ್ತಿರ ಬಂದಾಗ ಎಲ್ಲೋ ಒಂದು ಗ್ರೇಟ್ ರೂನ್ (ಮಿಕೆಲಾನ ಶಕ್ತಿಯ ಮೂಲ) ಒಡೆಯಿತು ಅಂತ ಪರದೆ ಮೇಲೆ ಬರುತ್ತದೆ. ಅಲ್ಲಿಗೆ ಮೋಡಿ ಮುಗಿಯಿತು, ಒಬ್ಬರಿಗೊಬ್ಬರು ಆಗದವರಾಗುತ್ತಾರೆ. ಹಾಗಾಗಿ ನಾನು ಕೋಟೆಯ ಕಡೆ ಹೋಗುವ ಮೊದಲು ಶಿಲುಬೆಗಳ ಹತ್ತಿರ ನಿಂತ ಒಬ್ಬೊಬ್ಬರನ್ನೂ ಮಾತಾಡಿಸಿ, ಹೇಳಿದ್ದನ್ನೇ ಹೇಳುವವರೆಗೂ ಬಿಡಲಿಲ್ಲ. ರೂನ್ ಒಡೆದ ಮೇಲೆ ಮತ್ತೆ ಒಂದು ಸುತ್ತು. ಬೆಟ್ಟದ ದಾರಿಯಲ್ಲಿ ನರಳುತ್ತಾ ಬಿದ್ದಿರುವ ಈಗನ್ ಅನ್ನುವವನನ್ನೂ ಹಾಗೇ ಮಾತಾಡಿಸಿದ್ದರಿಂದ ಬೇಲ್ ಅನ್ನುವ ಡ್ರ್ಯಾಗನ್ ಎದುರು ಅವನನ್ನು ನೆರವಿಗೆ ಕರೆಯುವ ಗುರುತು ನೆಲದ ಮೇಲೆ ಕಂಡಿತು. ಅವನು ಬಿಲ್ಲು ಹಿಡಿದು ಆ ಡ್ರ್ಯಾಗನ್‌ಗೆ ಶಾಪ ಹಾಕುವುದನ್ನು ಕೇಳಲಿಕ್ಕಾದರೂ ಕರೆಯಬೇಕು.

ಕೊನೆಯ ಬಾಸ್ ಶುರುವಿನ ತಿಂಗಳುಗಳಲ್ಲಿ ನನಗೆ ಅತಿ ಅನ್ನಿಸಿತ್ತು. ಎರಡನೇ ಹಂತದ ಬೆಳಕಿನಲ್ಲಿ ಏನು ನಡೆಯುತ್ತಿದೆ ಅಂತಲೇ ಕಾಣುತ್ತಿರಲಿಲ್ಲ. 2024ರ ಸೆಪ್ಟೆಂಬರ್ ಅಪ್‌ಡೇಟ್‌ನಲ್ಲಿ ಆ ಬೆಳಕನ್ನೂ ಹೊಡೆತವನ್ನೂ ತಗ್ಗಿಸಿದರು. ನಾನು ಗೆದ್ದದ್ದು ಅದಕ್ಕೂ ಮುಂಚೆ, ಲೀಡಾ ಗುಂಪಿನ ಆನ್ಸ್‌ಬಾಖ್ ಮತ್ತು ಥಿಯೊಲಿಯೆ ಇಬ್ಬರನ್ನೂ ಕರೆದುಕೊಂಡು. ಇಬ್ಬರ ಕಥೆಯನ್ನೂ ಕೊನೆಯವರೆಗೆ ಹಿಡಿದು ಹೋಗಿದ್ದರೆ ಮಾತ್ರ ಅವರ ಗುರುತು ಅಲ್ಲಿ ಸಿಗುತ್ತದೆ. ತಮ್ಮ ಥಿಯೊಲಿಯೆಯನ್ನು ನಡುವೆ ಬಿಟ್ಟುಬಿಟ್ಟಿದ್ದ. ಈಗ ಹೊಸ ಪಾತ್ರ ಮಾಡಿ ಮೊದಲಿಂದ ಆಡುತ್ತಿದ್ದಾನೆ, ಈ ಸಲ ಬರಿಗೈ ಹೊಡೆತದಲ್ಲಿ.